ಮರದ ಸೊಂಟದ ಅಳತೆ

ಬಿಳಿ ಬಣ್ಣದ ಡಬ್ಬಿಯ ಮುಚ್ಚಳವನ್ನು ಮೀಟುವ ಮೊದಲು ಮರಪರೀಕ್ಷಕಿ ಅಭ್ಯಾಸಬಲದಿಂದ ಒಮ್ಮೆ ಕಾಂಡಕ್ಕೆ ಬಿಗಿದಿದ್ದ ಮಾಪಕದ ಮುಳ್ಳಿನ ಕಡೆ ನೋಡಿದಳು. ನೋಡಲೇಬೇಕೆಂಬ ಅಗತ್ಯವೇನೂ ಇರಲಿಲ್ಲ. ತೀರ್ಮಾನ ಆಗಿಹೋಗಿತ್ತು, ಆದೇಶಕ್ಕೆ ರುಜು ಬಿದ್ದಿತ್ತು, ಮರುದಿನ ಬೆಳಿಗ್ಗೆ ಒಂಬತ್ತಕ್ಕೆ ಗರಗಸದ ತಂಡ ಬರುವುದಿತ್ತು. ಕಾಂಡದ ಮೇಲೊಂದು ಬಿಳಿ ಕತ್ತರಿ ಗುರುತು ಎಳೆದುಬಿಟ್ಟರೆ ಅವಳ ಪಾಲಿನ ಕೆಲಸ ಮುಗಿಯುತ್ತಿತ್ತು. ಆದರೂ ನೋಡಿದಳು. ಮುಚ್ಚಳದ ಮೇಲಿದ್ದ ಕೈ ಅಲ್ಲೇ ನಿಂತಿತು.

ಮುಳ್ಳು ಹನ್ನೆರಡನೆಯ ಗೆರೆಯ ಮೇಲಿತ್ತು.

ಹಿಂದಿನ ಗುರುವಾರ ಅದು ಹದಿಮೂರೂವರೆಯಲ್ಲಿದ್ದುದನ್ನು ಅವಳೇ ಕಣ್ಣಾರೆ ಕಂಡು ಬರೆದುಕೊಂಡಿದ್ದಳು. ಆ ಒಂದೂವರೆ ಗೆರೆಯ ಬಲದ ಮೇಲೆಯೇ ಈ ಮರಕ್ಕೆ ಮರಣದಂಡನೆ ಬರೆದದ್ದು.

ಐದು ವಾರಗಳ ಹಿಂದೆ ಅವಳು ಈ ಕಾಂಡದ ಸುತ್ತ, ಎದೆಯೆತ್ತರಕ್ಕೆ, ತೆಳುವಾದ ಉಕ್ಕಿನ ಪಟ್ಟಿಯೊಂದನ್ನು ಬಿಗಿದಿದ್ದಳು. ಪಟ್ಟಿಯ ಎರಡು ತುದಿಗಳನ್ನು ಒಂದು ಸ್ಪ್ರಿಂಗು ಹಿಡಿದಿತ್ತು. ಪಕ್ಕದಲ್ಲಿ ಮಿಲಿಮೀಟರಿನ ಗೆರೆಗಳು, ಅವುಗಳ ಮೇಲೆ ಓಡಾಡುವ ಒಂದು ಮುಳ್ಳು. ಮರದ ಸುತ್ತಳತೆ ಕೂದಲೆಳೆಯಷ್ಟು ಹೆಚ್ಚಿದರೂ ಮುಳ್ಳು ಹೇಳಿಬಿಡುತ್ತಿತ್ತು. ಮರ ಕವಲೊಡೆದ ಜಾಗದಿಂದ ಆಳುದ್ದದ ಬಿರುಕೊಂದು ಕೆಳಗಿಳಿದಿತ್ತು. ಬಿರುಕು ಬಾಯಿ ಬಿಟ್ಟರೆ ಸುತ್ತಳತೆ ಹೆಚ್ಚಲೇಬೇಕು. ಮೊದಲ ಮೂರು ಗುರುವಾರ ಮುಳ್ಳು ಹನ್ನೆರಡರಿಂದ ಅಲುಗಿರಲಿಲ್ಲ. ನಾಲ್ಕನೆಯ ಗುರುವಾರ ಹದಿಮೂರೂವರೆಗೆ ಜಿಗಿದಿತ್ತು. ಐದನೆಯ ಗುರುವಾರವೂ ಅಲ್ಲೇ ಇತ್ತು. ಬಿರುಕು ಒಮ್ಮೆ ಸರಿದಿದೆ, ಮತ್ತೊಮ್ಮೆ ಸರಿದಾಗ ಓಡಲು ಯಾರಿಗೂ ಸಮಯ ಸಿಗುವುದಿಲ್ಲ ಎಂದು ಅವಳು ವರದಿಯಲ್ಲಿ ಬರೆದಿದ್ದಳು.

ಓಡಬೇಕಾಗಿದ್ದವರು ಹದಿನಾಲ್ಕು ಮಂದಿ ಹೆಂಗಸರು. ಮರದ ದೊಡ್ಡ ತೋಳು ಚಾಚಿದ್ದ ತಗಡಿನ ಮಾಡಿನ ಕೆಳಗೆ ಹದಿನಾಲ್ಕು ಹೊಲಿಗೆ ಯಂತ್ರಗಳಿದ್ದವು. ಆ ಹೊಲಿಗೆ ಕೋಣೆಯ ಒಡತಿ ಬೇರೆ ಯಾರೂ ಅಲ್ಲ, ಅವಳ ಚಿಕ್ಕಮ್ಮ. ತಾಯಿ ತೀರಿಕೊಂಡ ಮೇಲೆ ಅವಳನ್ನು ಸಾಕಿ, ಓದಿಸಿ, ಈ ಕೆಲಸಕ್ಕೆ ಅರ್ಜಿ ಬರೆಸಿದವಳು.

ಮರ ಹೋದರೆ ಆ ಕೋಣೆಯ ಗತಿ ಏನೆಂದು ಇಬ್ಬರಿಗೂ ಗೊತ್ತಿತ್ತು. ಹಿಂದಿನ ಗಲ್ಲಿಯಲ್ಲಿ ಇಂಥದೇ ತಗಡಿನ ಕೋಣೆ, ಇಂಥವೇ ಯಂತ್ರಗಳು. ನೆರಳು ಮಾತ್ರ ಇಲ್ಲ. ಬೇಸಿಗೆಯಲ್ಲಿ ಅಲ್ಲಿ ಹನ್ನೆರಡಕ್ಕೆ ಯಂತ್ರ ನಿಲ್ಲಿಸಿದರೆ ಮತ್ತೆ ತಿರುಗಿಸುವುದು ನಾಲ್ಕಕ್ಕೆ. ಕಳೆದ ಬೇಸಿಗೆಯಲ್ಲಿ ಅರ್ಧಕ್ಕರ್ಧ ಮಂದಿ ಕೆಲಸ ಬಿಟ್ಟಿದ್ದರು. ಇಲ್ಲಿ ಮಾತ್ರ ಬೇರುಗಳು ಆಳದಿಂದ ಎತ್ತಿದ ನೀರನ್ನು ಲಕ್ಷಾಂತರ ಎಲೆಗಳು ಆವಿಯಾಗಿ ಬಿಡುತ್ತ, ಅಂಗಳದ ಗಾಳಿಗೆ ದಿನವಿಡೀ ಒದ್ದೆ ಬಟ್ಟೆ ಹಿಡಿದಂತೆ ಇರುತ್ತಿದ್ದವು. ಇಸ್ತ್ರಿ ಪೆಟ್ಟಿಗೆಯ ಮುಂದೆ ನಿಂತವಳೂ ಸೆರಗಿನಿಂದ ಮುಖ ಒರೆಸಿಕೊಳ್ಳುವುದು ಅಪರೂಪವಾಗಿತ್ತು.

ಚಿಕ್ಕಮ್ಮ ಬೇಡಿಕೊಂಡಿರಲಿಲ್ಲ. ವರದಿಯ ಸುದ್ದಿ ತಿಳಿದ ದಿನ, ನಿನ್ನ ಕೆಲಸ ನೀನು ಮಾಡು ಎಂದಷ್ಟೇ ಹೇಳಿ ದಾರಕ್ಕೆ ಗಂಟು ಹಾಕಿದ್ದಳು.

ಈಗ ಮುಳ್ಳು ಹಿಂದಕ್ಕೆ ಬಂದಿತ್ತು. ಬಿರಿದ ಮರ ತಾನಾಗಿ ಮುಚ್ಚಿಕೊಳ್ಳುವುದಿಲ್ಲ. ಹಾಗಾದರೆ ಯಾರೋ ಪಟ್ಟಿಗೆ ಕೈ ಹಾಕಿದ್ದಾರೆ. ಯಾರು? ಈ ಮರ ಉಳಿಯಬೇಕಾದದ್ದು ಯಾರಿಗೆ? ಉತ್ತರ ಹತ್ತು ಹೆಜ್ಜೆ ದೂರದಲ್ಲಿ ಕನ್ನಡಕ ಮೂಗಿನ ತುದಿಗಿಳಿಸಿಕೊಂಡು ಕಾಲರಿಗೆ ಹೊಲಿಗೆ ಹಾಕುತ್ತಿತ್ತು.

ಅವಳು ಬಾಗಿಲಲ್ಲಿ ನಿಂತಳು. ಯಂತ್ರಗಳು ಒಂದೊಂದಾಗಿ ಸುಮ್ಮನಾದವು.

"ಚಿಕ್ಕಮ್ಮ, ಆ ಪಟ್ಟಿ ಯಾರು ಮುಟ್ಟಿದ್ದು?"

ಚಿಕ್ಕಮ್ಮ ತಲೆಯೆತ್ತಿದಳು. ಪ್ರಶ್ನೆ ಅರ್ಥವಾಗಲು ಒಂದು ಗಳಿಗೆ ಹಿಡಿಯಿತು. ಅರ್ಥವಾದ ಮೇಲೆ ಮುಖದ ಬಣ್ಣ ಬದಲಾಯಿತು.

"ಯಾರು ಅಂತ ಕೇಳ್ತಿದೀಯೋ, ನಾನು ಅಂತ ಹೇಳ್ತಿದೀಯೋ?"

ಚಿಕ್ಕಮ್ಮ ಎದ್ದಳು, ಕಿಟಕಿಯ ಮೇಲೆ ಸಾಕುಮಗಳಿಗಾಗಿಯೇ ತೆಗೆದಿರಿಸಿದ್ದ ಊಟದ ಡಬ್ಬಿಯನ್ನು ಎತ್ತಿ ಬೀರುವಿನೊಳಗಿಟ್ಟು ಬಾಗಿಲು ಹಾಕಿದಳು. ಮತ್ತೆ ಕೂತು ಯಂತ್ರ ತುಳಿಯತೊಡಗಿದಳು. ಬೈದಿದ್ದರೆ ಸಹಿಸಬಹುದಿತ್ತು.

ಅವಳು ಮರದ ಬಳಿ ಹಿಂತಿರುಗಿ, ಮೊದಲೇ ಮಾಡಬೇಕಿದ್ದ ಕೆಲಸವನ್ನು ಆಗ ಮಾಡಿದಳು: ಸ್ಪ್ರಿಂಗಿನ ಕೊಕ್ಕೆಗೆ ತಾನೇ ಒತ್ತಿದ್ದ ಸೀಸದ ಮುದ್ರೆಯನ್ನು ಪರೀಕ್ಷಿಸಿದಳು. ಮುದ್ರೆ ಒತ್ತಿದ್ದು ಒತ್ತಿದಂತೆಯೇ ಇತ್ತು. ತಂತಿಗೆ ಧೂಳು ಹಿಡಿದಿತ್ತು. ಪಟ್ಟಿಗೂ ತೊಗಟೆಗೂ ನಡುವೆ ಜೇಡವೊಂದು ಬಲೆ ಕಟ್ಟಿಕೊಂಡು ನೆಮ್ಮದಿಯಾಗಿತ್ತು. ವಾರಗಳಿಂದ ಇಲ್ಲಿಗೆ ಯಾವ ಬೆರಳೂ ಬಂದಿರಲಿಲ್ಲ.

ಯಾರೂ ಮುಟ್ಟಿಲ್ಲ. ಮರ ಮುಚ್ಚಿಕೊಳ್ಳುವುದಿಲ್ಲ. ಆದರೂ ಮುಳ್ಳು ಹನ್ನೆರಡರಲ್ಲಿದೆ. ಅವಳು ಬಣ್ಣದ ಡಬ್ಬಿಯ ಮೇಲೆ ಕುಕ್ಕರುಬಡಿದಳು.

ಕಳೆದ ವರ್ಷದ ಸಂಗತಿ ಅವಳನ್ನು ಇನ್ನೂ ಬಿಟ್ಟಿರಲಿಲ್ಲ. ಪರವಾಗಿಲ್ಲ ಎಂದು ಅವಳು ಬರೆದಿದ್ದ ಮರವೊಂದು ಗಾಳಿಯಿಲ್ಲದ ಮಧ್ಯಾಹ್ನ ಕೊಂಬೆ ಕಳಚಿ ಒಂದು ಗೋಡೆಯನ್ನು ಮಲಗಿಸಿತ್ತು. ಯಾರಿಗೂ ಏನೂ ಆಗಲಿಲ್ಲ. ಅವಳಿಗೆ ಮಾತ್ರ ಆಯಿತು. ಅಂದಿನಿಂದ ಅನುಮಾನ ಬಂದಲ್ಲೆಲ್ಲ ಅವಳ ಲೇಖನಿ ಗರಗಸದ ಕಡೆಗೇ ವಾಲುತ್ತಿತ್ತು.

ಕೋಣೆಯೊಳಗಿಂದ ಕಟಿಂಗ್ ಮಾಸ್ಟರು ಹೊರಗೆ ಬಂದರು. ಬಟ್ಟೆ ಕತ್ತರಿಸುವ ಮೇಜಿನ ಹಿಂದೆ ಮೂವತ್ತು ವರ್ಷ ನಿಂತವರು. ಕೊರಳಿನಿಂದ ಅಳತೆ ಟೇಪು ಇಳಿದದ್ದನ್ನು ಯಾರೂ ನೋಡಿದವರಿಲ್ಲ. ಅವಳಿಗೆ 'ಮರದ ಡಾಕ್ಟ್ರು' ಎಂದು ಹೆಸರಿಟ್ಟವರೂ ಅವರೇ. ಹೆಂಗಸರೆಲ್ಲ ತಮ್ಮನ್ನು ಕಳಿಸಿದ್ದಾರೆ, ವಿಷಯವೇನೆಂದು ತಿಳಿದುಕೊಂಡೇ ಬರಬೇಕಂತೆ ಎಂದು ಒಪ್ಪಿಕೊಂಡು ಪಕ್ಕದಲ್ಲಿ ಕೂತರು. ಅವಳು ಎಲ್ಲವನ್ನೂ ಹೇಳಿದಳು. ಅವರು ಕೇಳಿ, ಮುಳ್ಳನ್ನು ನೋಡಿ, ಟೇಪಿನ ತುದಿಯನ್ನು ಬೆರಳಿಗೆ ಸುತ್ತಿಕೊಂಡರು.

"ಅಳತೆ ತಗೊಂಡಿದ್ದು ಯಾವಾಗ, ಊಟಕ್ಕೆ ಮುಂಚೇನೋ ಊಟ ಆದ್ಮೇಲೋ?"

"ತಮಾಷೆ ಬೇಡ ಮಾಸ್ಟ್ರೇ."

"ತಮಾಷೆ ಅಲ್ಲಮ್ಮ. ಸೊಂಟದ ಅಳತೆಗೆ ನಾನು ಮೊದಲು ಕೇಳೋದೇ ಅದು. ಬೆಳಿಗ್ಗೆ ಖಾಲಿ ಹೊಟ್ಟೇಲಿ ಬಂದವನಿಗೆ ಅಳೆದು ಹೊಲಿದ್ರೆ, ಮಧ್ಯಾಹ್ನ ಊಟ ಮಾಡಿ ಬಂದು ಗುಂಡಿ ಕಿತ್ತುಹೋಯ್ತು ಅಂತ ಜಗಳ ಆಡ್ತಾನೆ. ಮನುಷ್ಯನೂ ಅವನೇ, ಟೇಪೂ ಅದೇ."

ತಮ್ಮ ಅಳತೆ ಪುಸ್ತಕದಲ್ಲಿ ಪ್ರತಿ ಸೊಂಟದ ಪಕ್ಕವೂ ಒಂದು ಚಿಕ್ಕ ಗುರುತು ಇರುತ್ತದೆಂದು, ಗುರುತಿಲ್ಲದ ಸೊಂಟಕ್ಕೆ ತಾವು ಕತ್ತರಿ ಹಾಕುವುದೇ ಇಲ್ಲವೆಂದು ಅವರು ವಿವರಿಸುತ್ತಿದ್ದರು. ಅವಳಿಗೆ ಅದು ಕೇಳಿಸಲಿಲ್ಲ. ಅವಳಾಗಲೇ ಚೀಲದಿಂದ ಟಿಪ್ಪಣಿ ಪುಸ್ತಕವನ್ನು ಎಳೆದು ತೆಗೆದಿದ್ದಳು.

ಅಚ್ಚಾದ ನಮೂನೆಯಲ್ಲಿ ದಿನಾಂಕಕ್ಕೆ ಜಾಗವಿತ್ತು, ಗಂಟೆಗೆ ಜಾಗವಿರಲಿಲ್ಲ. ಆದರೆ ಗಂಟೆ ಅವಳಿಗೆ ನೆನಪಿತ್ತು. ಮೊದಲ ಮೂರು ಗುರುವಾರ ಬಂದದ್ದು ಮಧ್ಯಾಹ್ನ ಎರಡಕ್ಕೆ. ಡಾಕ್ಟ್ರು ಬಂದರೆಂದು ಹೆಂಗಸರೆಲ್ಲ ಕಿಟಕಿಗೆ ಮುಗಿಬಿದ್ದು, ಒಂದು ಡಜನ್ ಅಂಗಿಗಳ ಹೊಲಿಗೆ ಸೊಟ್ಟಗಾಗಿ, ಚಿಕ್ಕಮ್ಮ ಗದರಿದ್ದಳು: ಇನ್ನು ಮೇಲೆ ಯಂತ್ರ ಶುರುವಾಗೋ ಮುಂಚೆ ಬಂದು ಹೋಗು ಪುಟ್ಟಿ. ಅದಕ್ಕೇ ಕೊನೆಯ ಎರಡು ಗುರುವಾರ ಅವಳು ಬಂದದ್ದು ಬೆಳಿಗ್ಗೆ ಆರಕ್ಕೆ.

ಮಧ್ಯಾಹ್ನ ಮೂರು ಸಲ: ಹನ್ನೆರಡು, ಹನ್ನೆರಡು, ಹನ್ನೆರಡು. ಬೆಳಿಗ್ಗೆ ಎರಡು ಸಲ: ಹದಿಮೂರೂವರೆ, ಹದಿಮೂರೂವರೆ. ಇಂದು, ಮತ್ತೆ ಮಧ್ಯಾಹ್ನ: ಹನ್ನೆರಡು.

ಇದನ್ನು ಅವಳು ಓದಿದ್ದಳು. ಪರೀಕ್ಷೆಯಲ್ಲಿ ಪುಟ ತುಂಬ ಬರೆದು ಅಂಕ ಗಿಟ್ಟಿಸಿದ್ದಳು. ಬಿಸಿಲೇರಿದಂತೆ ಎಲೆಗಳು ಆವಿ ಬಿಡುವ ವೇಗಕ್ಕೆ ಬೇರುಗಳಿಗೆ ನೀರು ಒದಗಿಸಲು ಆಗುವುದಿಲ್ಲ. ಆಗ ಕಾಂಡ ತನ್ನ ತೊಗಟೆಯಲ್ಲೂ ಎಳೆಮರದಲ್ಲೂ ಕೂಡಿಟ್ಟ ನೀರನ್ನು ಸಾಲ ಕೊಡುತ್ತದೆ, ಕೊಟ್ಟು ತಾನು ಕೃಶವಾಗುತ್ತದೆ. ಎಲೆಗಳು ವಿಶ್ರಮಿಸುವ ರಾತ್ರಿಯಲ್ಲಿ ಬೇರುಗಳು ಆ ಸಾಲ ತೀರಿಸುತ್ತವೆ. ಬೆಳಗಾಗುವ ಹೊತ್ತಿಗೆ ಮರ ಮತ್ತೆ ತುಂಬಿ ನಿಂತಿರುತ್ತದೆ. ಮರುಭೂಮಿಯ ಅಂಚಿನ ಮರವಾಗಲಿ, ಹಿಮದ ನಾಡಿನ ಮರವಾಗಲಿ, ಬೆಳೆಯುವ ಕಾಲದಲ್ಲಿ ಹೀಗೆ ದಿನಕ್ಕೊಮ್ಮೆ ಸೊರಗಿ ದಿನಕ್ಕೊಮ್ಮೆ ತುಂಬಿಕೊಳ್ಳುತ್ತದೆ. ಅದನ್ನು ಬಿರುಕಿನ ಭಯಕ್ಕೆ ಬಿದ್ದು ಮರೆತವಳು ತಾನೊಬ್ಬಳೇ.

ಆದರೆ ಇದು ಊಹೆ. ಊಹೆಯನ್ನು ನಂಬಿ ಹದಿನಾಲ್ಕು ಮಂದಿಯನ್ನು ಆ ತೋಳಿನ ಕೆಳಗೆ ಕೂರಿಸುವ ಧೈರ್ಯ ಅವಳಿಗಿರಲಿಲ್ಲ. ಮುಳ್ಳು ತಾನಾಗಿ ಮೇಲೇರಬೇಕು. ಬೆಳಗಿನ ಆರಕ್ಕೆ ಸರಿಯಾಗಿ ಹಳೆಯ ಜಾಗದಲ್ಲೇ ನಿಲ್ಲಬೇಕು. ಒಂದು ಗೆರೆ ಮುಂದೆ ಹೋದರೆ ಬಿರುಕು ಸರಿದದ್ದು ನಿಜ, ವರದಿಯೂ ನಿಜ.

ಮೇಲಧಿಕಾರಿಗೆ ಫೋನು ಮಾಡಿದಳು. ತಾನು ಬರೆದ ವರದಿಯಲ್ಲಿ ತಪ್ಪಿರಬಹುದೆಂದು ಹೇಳಿದಳು. ಅವರು, ಒಂಬತ್ತಕ್ಕೆ ತಂಡ ಬರುತ್ತದೆ, ಅಷ್ಟರೊಳಗೆ ಕೈಬರಹದಲ್ಲಿ ರುಜುವಾತು ಕೊಟ್ಟರೆ ಆದೇಶ ತಡೆಯುತ್ತೇನೆ, ಇಲ್ಲದಿದ್ದರೆ ಇಲ್ಲ ಎಂದರು. ತಪ್ಪು ನಿಮ್ಮದೆಂದೂ ಅದರಲ್ಲಿ ಬರೆದಿರಬೇಕು ಎಂದು ಸೇರಿಸಿದರು. ಅವಳು ಒಪ್ಪಿದಳು.

ಮೂರಕ್ಕೆ ಮುಳ್ಳು ಹನ್ನೆರಡಕ್ಕಿಂತ ತುಸು ಕೆಳಗಿಳಿಯಿತು. ಐದಕ್ಕೆ ಹನ್ನೆರಡೂಕಾಲು. ಆರೂವರೆಗೆ ಹನ್ನೆರಡೂವರೆ. ಯಂತ್ರಗಳು ನಿಂತು ಹೆಂಗಸರು ಮನೆಗೆ ಹೊರಟಾಗ ಒಬ್ಬೊಬ್ಬಳೂ ಮುಳ್ಳಿನ ಮುಂದೆ ಬಗ್ಗಿ ನೋಡಿಯೇ ಹೋದಳು. ಚಿಕ್ಕಮ್ಮ ಮಾತ್ರ ನೋಡಲಿಲ್ಲ. ಬೀಗ ಹಾಕಿ, ಇವಳ ಪಕ್ಕದಲ್ಲೇ ಹಾದು, ಬೀದಿಗಿಳಿದಳು. ಊಟದ ಡಬ್ಬಿ ಬೀರುವಿನಲ್ಲೇ ಉಳಿಯಿತು.

ಮರುದಿನ ಅವಳು ಐದೂಮುಕ್ಕಾಲಿಗೇ ಅಂಗಳದಲ್ಲಿದ್ದಳು. ಗಡಿಯಾರ ಆರು ತೋರಿಸುವ ತನಕ ಮುಳ್ಳಿನ ಕಡೆ ನೋಡಬಾರದೆಂದು ಶಪಥ ಮಾಡಿ ಕಾಂಡಕ್ಕೆ ಬೆನ್ನು ಹಾಕಿ ನಿಂತಳು. ಆ ಹದಿನೈದು ನಿಮಿಷ ಕಳೆಯುವುದರಲ್ಲಿ ಸಾಕುಬೇಕಾಯಿತು. ಆರಾದಾಗ ತಿರುಗಿದಳು. ಬೆಳಕು ಸಾಲಲಿಲ್ಲ. ಮೂಗು ತೊಗಟೆಗೆ ತಾಗುವಷ್ಟು ಬಗ್ಗಿದಳು.

ಹದಿಮೂರೂವರೆ. ಕೂದಲಷ್ಟು ಹೆಚ್ಚಿಲ್ಲ, ಕಡಿಮೆಯಿಲ್ಲ.

ಅಲ್ಲೇ ಬೇರಿನ ಮೇಲೆ ಕೂತು ಎರಡು ಪುಟ ಬರೆದಳು. ಬಿರುಕು ಸರಿದಿಲ್ಲ, ಬೇರೆ ಬೇರೆ ಹೊತ್ತಿನ ಅಳತೆಗಳನ್ನು ಒಂದೇ ಹೊತ್ತಿನವೆಂದು ಹೋಲಿಸಿದ್ದು ತನ್ನ ತಪ್ಪು. ಬಿರುಕು ಇರುವುದಂತೂ ನಿಜವಾದ್ದರಿಂದ ತಗಡಿನ ಮೇಲಿನ ತೋಳಿನ ತುದಿಭಾರವನ್ನು ಇಳಿಸಬೇಕು, ಎರಡು ಕವಲುಗಳನ್ನು ಉಕ್ಕಿನ ಹಗ್ಗದಿಂದ ಒಂದಕ್ಕೊಂದು ಕಟ್ಟಬೇಕು, ವರ್ಷವಿಡೀ ಅಳೆಯುತ್ತಿರಬೇಕು. ರುಜು ಹಾಕಿದಳು. ಕಚೇರಿಯ ಬಾಗಿಲು ತೆಗೆಯುವ ಮೊದಲೇ ಹೋಗಿ ಮೇಲಧಿಕಾರಿಯ ಕೈಗೆ ಕೊಟ್ಟಳು. ಅವರು ನಿಂತಲ್ಲೇ ಓದಿದರು. ಎರಡನೆಯ ಪುಟವನ್ನು ಎರಡು ಸಲ ಓದಿದರು. ಹಳೆಯ ಆದೇಶದ ಮೇಲೆ ಅಡ್ಡಗೆರೆ ಎಳೆದು, ಹೊಸದನ್ನು ಬರೆದುಕೊಟ್ಟು, ಅವಳ ತಪ್ಪೊಪ್ಪಿಗೆಯನ್ನು ಅವಳ ಕಡತಕ್ಕೆ ಸೇರಿಸಿದರು.

ಅವಳು ಓಡುತ್ತ ಅಂಗಳ ತಲುಪಿದಾಗ ಒಂಬತ್ತು ದಾಟಿತ್ತು. ಗರಗಸದ ಮೇಸ್ತ್ರಿ ಹಗ್ಗ ಬಿಚ್ಚಿಯಾಗಿತ್ತು. ಅವನೆದುರು ಚಿಕ್ಕಮ್ಮ ಕಾಂಡಕ್ಕೆ ಬೆನ್ನು ಕೊಟ್ಟು ಸ್ಟೂಲಿನ ಮೇಲೆ ಕೂತು ಗುಂಡಿ ಹೊಲಿಯುತ್ತಿದ್ದಳು.

"ಮೇಡಂ, ಈ ಅಮ್ಮನಿಗೆ ಹೇಳಿ," ಎಂದ ಮೇಸ್ತ್ರಿ. "ನೂರು ಗುಂಡಿ ಹೊಲಿದ ಮೇಲೆ ಏಳ್ತಾರಂತೆ. ಇನ್ನೂ ಹದಿನೇಳೇ ಆಗಿರೋದು."

ಹೊಸ ಆದೇಶವನ್ನು ಓದಿ ಅವನು ದೊಡ್ಡ ಗರಗಸವನ್ನು ಗಾಡಿಗೆ ಹಿಂತಿರುಗಿಸಿದ. ಚಿಕ್ಕದನ್ನು ಸೊಂಟಕ್ಕೆ ಕಟ್ಟಿಕೊಂಡು ಮರ ಹತ್ತಿದ. ಮಧ್ಯಾಹ್ನದೊಳಗೆ ತೋಳಿನ ತುದಿ ಹಗುರಾಯಿತು. ತಗಡಿನ ಮೇಲೆ ಅಂಗೈಯಗಲದ ಬಿಸಿಲು ಹೊಸದಾಗಿ ಬಿತ್ತು, ಅಷ್ಟೇ.

ಅವಳು ಚಿಕ್ಕಮ್ಮನ ಮುಂದೆ ಹೋಗಿ ನಿಂತಳು.

"ನಿನ್ನ ಮೇಲೆ ಅನುಮಾನ ಪಟ್ಟೆ ಚಿಕ್ಕಮ್ಮ. ತಪ್ಪಾಯ್ತು."

ಚಿಕ್ಕಮ್ಮ ಹಲ್ಲಿನಿಂದ ದಾರ ಕಡಿದಳು.

"ಮಾಸ್ಟ್ರು ಎಲ್ಲ ಹೇಳಿದ್ರು. ತಪ್ಪು ಅರ್ಧ ನಂದು. ಬೆಳಿಗ್ಗೆ ಬಾ ಅಂತ ನಾನೇ ಅಲ್ವಾ ಹೇಳಿದ್ದು. ಇನ್ನುಳಿದ ಅರ್ಧಕ್ಕೆ ಒಂದು ತಿಂಗಳು ಮಾತು ಬಿಡೋಣ ಅಂತಿದ್ದೆ." ಸೂಜಿಯನ್ನು ಸೆರಗಿಗೆ ಚುಚ್ಚಿಕೊಂಡಳು. "ನಿನ್ನೆ ಊಟ ಹಳಸಿತ್ತು. ಇವತ್ತಿಂದು ಕಿಟಕಿ ಮೇಲಿದೆ, ಹೋಗಿ ತಿನ್ನು."

ಒಳಗೆ ಕಟಿಂಗ್ ಮಾಸ್ಟರು ಅಳತೆ ಪುಸ್ತಕದಲ್ಲಿ ಹೊಸ ಪುಟ ತೆರೆದು, ಗಿರಾಕಿಯ ಹೆಸರಿನ ಜಾಗದಲ್ಲಿ 'ಅಂಗಳದ ಮರ' ಎಂದು ಬರೆದು, ತೋಳಿನ ಅಳತೆ ಮಾತ್ರ ಬಾಕಿ ಇದೆಯೆಂದು ಎಲ್ಲರಿಗೂ ತೋರಿಸುತ್ತಿದ್ದರು. ಅವಳು ಅವರ ಮೇಜಿನ ಮೇಲಿನ ಅಳತೆಪಟ್ಟಿಯನ್ನು ಕೇಳಿ ಪಡೆದು, ತನ್ನ ಅಚ್ಚಾದ ನಮೂನೆಗಳ ಕಟ್ಟನ್ನು ಬಿಚ್ಚಿ, ಪ್ರತಿ ಹಾಳೆಯಲ್ಲೂ ದಿನಾಂಕದ ಪಕ್ಕ ಒಂದು ಗೆರೆ ಎಳೆಯುತ್ತ ಹೋದಳು.

ಎರಡು ಗಂಟೆಗೆ ಹೊರಗೆ ಬಂದಳು. ಹದಿನಾಲ್ಕು ತಲೆಗಳು ಕಿಟಕಿಗೆ ಬಂದವು, ಚಿಕ್ಕಮ್ಮ ಗದರಲಿಲ್ಲ. ಹೊಸ ಗೆರೆಯ ಪಕ್ಕ ಅವಳು ಮೊದಲು ಗಂಟೆ ಬರೆದಳು. ಅನಂತರ ಬಗ್ಗಿ ಮುಳ್ಳು ನೋಡಿದಳು.