ಲೋಕಿಕೆರೆಯ ರಾಷ್ಟ್ರಪತಿ

ರಾಷ್ಟ್ರಪತಿಯ ಭಾಷಣವನ್ನು ರಾಷ್ಟ್ರಪತಿ ಬರೆಯುವುದಿಲ್ಲ, ಸರ್ಕಾರ ಬರೆದುಕೊಡುತ್ತದೆ. ವಿದ್ಯಾನಗರದ ನಮ್ಮ ಕಾಲೇಜಿನಲ್ಲಿ ಇಪ್ಪತ್ತು ವರ್ಷದಿಂದ ಇದನ್ನೇ ಪಾಠ ಮಾಡಿ ನನ್ನ ಗಂಟಲು ಹರಿದಿದೆ. ಹರಿಹರದ ಯುವ ಸಂಸತ್ತು ಸ್ಪರ್ಧೆಗೆ ಹೊರಟಾಗಲೂ ನನ್ನ ವಿದ್ಯಾರ್ಥಿನಿ ಭವ್ಯಾಳಿಗೆ ಅದನ್ನೇ ಹೇಳಿದೆ: "ಒಂದಕ್ಷರ ಬದಲಿಸಿದ್ರೂ ಅಂಕ ಕಟ್."

ಈ ಸಲದ ವಿಷಯ ಯುದ್ಧಕಾಲದ ಜಂಟಿ ಅಧಿವೇಶನ. ಲೋಕಿಕೆರೆಯ ಭವ್ಯಾ ರಾಷ್ಟ್ರಪತಿ. ಮಹಾಂತೇಶ್ ಪ್ರಧಾನಿ; ಭಾಷಣ ಬರೆದವನೂ ಅವನೇ. ಅದರಲ್ಲೊಂದು ಸಾಲಿತ್ತು: "ಹನ್ನೊಂದು ಮಂದಿ ಸೈನಿಕರ ಸಾವು ಬಿಟ್ಟರೆ ಹೇಳಿಕೊಳ್ಳುವಂಥ ನಷ್ಟವೇನೂ ನಮಗಾಗಿಲ್ಲ."

"ಈ ಸಾಲು ತೆಗಿಯೋ," ಎಂದು ಭವ್ಯಾ ಬಸ್ಸಿನಲ್ಲೇ ಕೇಳಿದಳು. "ನಮ್ಮವ್ವ ನೋಡಾಕೆ ಬರ್ತಾಳೆ. ಅಣ್ಣ ಬಾರ್ಡರ್‌ನಾಗೆ ಅದಾನೆ."

"ಸರ್ಕಾರ ಅಂದ್ರೆ ಧೈರ್ಯ ತೋರಿಸ್ಬೇಕು. ಜಡ್ಜ್‌ಗಳಿಗೆ ಬೇಕಾಗಿರೋದೂ ಅದೇ," ಎಂದ ಮಹಾಂತೇಶ್. ಅವನಿಗೆ ಗೆಲ್ಲುವ ಹುಚ್ಚು. ನನಗೇನು ಕಡಿಮೆ ಇತ್ತೇ? ಕೇಳಿಸದವನಂತೆ ಕಿಟಕಿಯಾಚೆ ನೋಡಿದೆ.

ಹರಿಹರದ ವೇದಿಕೆಯಲ್ಲಿ ಭವ್ಯಾ ಓದಿದಳು. "ನನ್ನ ಸರ್ಕಾರ" ಎಂದಾಗಲೆಲ್ಲ ಸಭಾಂಗಣ ನೆಟ್ಟಗೆ ಕೂರುತ್ತಿತ್ತು. ಆ ಸಾಲನ್ನೂ ಒಂದಕ್ಷರ ಬದಲಿಸದೆ ಓದಿದಳು. ಪ್ರೇಕ್ಷಕರ ಸಾಲಿನಲ್ಲಿದ್ದ ಅವಳ ತಾಯಿ ಅಂಜಿನವ್ವ ಬಾಯಿಗೆ ಸೆರಗು ಒತ್ತಿಕೊಂಡು ಎದ್ದು ಹೊರಗೆ ಹೋದರು.

ಭಾಷಣ ಮುಗಿದ ಮೇಲೆ ರಾಷ್ಟ್ರಪತಿ ಸದನದಲ್ಲಿ ಇರುವಂತಿಲ್ಲ. ಭವ್ಯಾ ಹೊರಬಂದವಳೇ ತಾಯಿಯ ಮುಂದೆ ತಲೆ ತಗ್ಗಿಸಿ ನಿಂತಳು. ನಾನೂ ಅವಳ ಹಿಂದೆಯೇ ಹೊರಬಂದಿದ್ದೆ.

"ಕೊಟ್ಟ ಕೆಲ್ಸ ಮಾಡಿದೀಯ. ತಲೆ ಯಾಕ ತಗ್ಗಿಸ್ತೀ?" ಎಂದರು ಅಂಜಿನವ್ವ. ನನಗೆ ಮಾತ್ರ ನಾಚಿಕೆಯಾಯಿತು.

ಒಳಗೆ ರಾಷ್ಟ್ರಪತಿಯ ಭಾಷಣಕ್ಕೆ ವಂದನೆ ಹೇಳುವ ನಿರ್ಣಯದ ಚರ್ಚೆ ನಡೆದಿತ್ತು. ಬಾಗಿಲಲ್ಲಿ ನಿಂತ ನಮಗೆ ಎಲ್ಲವೂ ಕಾಣುತ್ತಿತ್ತು. ವಿರೋಧ ಪಕ್ಷದ ಸ್ನೇಹಾ ತಿದ್ದುಪಡಿ ತಂದಳು: ಆ ಸಾಲಿಗೆ ಈ ಸದನ ವಿಷಾದಿಸುತ್ತದೆ. ಬಹುಮತ ಮಹಾಂತೇಶನದು, ಎದ್ದು ವಿರೋಧಿಸಿದರೆ ಸಾಕಿತ್ತು. ಅವನು ಎದ್ದ. ಅಂಜಿನವ್ವ ಕೂತಿದ್ದ ಖಾಲಿ ಕುರ್ಚಿಯನ್ನು ನೋಡಿದ.

"ತಿದ್ದುಪಡಿ ಒಪ್ಕೊಂತೀನಿ ಸ್ಪೀಕರ್ ಸರ್. ಬರ್ದಿದ್ದು ನಾನೇ, ತಪ್ಪು ನಂದೇ."

ತಿದ್ದುಪಡಿ ಗೆದ್ದರೆ ಸರ್ಕಾರ ಬಿದ್ದಂತೆ. ನಮ್ಮ ಟ್ರೋಫಿಯೂ ಹೋಯಿತು. ಆದರೂ ಇಪ್ಪತ್ತು ವರ್ಷದಲ್ಲಿ ನನ್ನ ಎದೆ ಅಷ್ಟು ಉಬ್ಬಿದ್ದೇ ಇಲ್ಲ.

ಐದು ನಿಮಿಷದಲ್ಲಿ ಮಹಾಂತೇಶ್ ಹೊರಬಂದ. ನೋಟ್‌ಬುಕ್ಕಿನ ಹಾಳೆಯಲ್ಲಿ ಬರೆದ ರಾಜೀನಾಮೆಯನ್ನು ಎರಡೂ ಕೈಯಿಂದ ರಾಷ್ಟ್ರಪತಿಗೆ ಕೊಟ್ಟ.

"ಬದಲಿ ವ್ಯವಸ್ಥೆ ಆಗೋವರೆಗೂ ನೀವೇ ಮುಂದುವರಿಯಿರಿ," ಎಂದಳು ಭವ್ಯಾ, ಥೇಟ್ ನನ್ನ ಪಾಠದಂತೆ. ಮುಂದಿನದು ನನ್ನ ಪಾಠದಲ್ಲಿರಲಿಲ್ಲ: "ಆ ಹನ್ನೊಂದು ಮಂದಿಗೂ ಹೆಸ್ರು ಇಟ್ಟು ಬರ್ಕೊಡ್ರಿ. ಕಾಲೇಜಿನಾಗೆ ಎಲ್ಲರ ಮುಂದೆ ಓದ್ತೀನಿ."

ಮಹಾಂತೇಶ್ ಮೆಟ್ಟಿಲ ಮೇಲೆ ಕೂತು ಪೆನ್ನು ತೆಗೆದ. ಅಂಜಿನವ್ವ ಅವನ ಹತ್ತಿರ ಬಂದು ಬಗ್ಗಿದರು.

"ಎಲ್ಲರ ಹೆಸ್ರೂ ಬರಿಯಪ್ಪ. ಅಂಜನಕುಮಾರ ಅಂತ ಮಾತ್ರ ಬರೀಬ್ಯಾಡ. ಅದು ನನ್ ಮಗನ ಹೆಸ್ರು."