ಲೊರೇನ್ ಆಂಟಿಗೆ ಸಿಕ್ಕ ದನಿ

ಲೋವರ್ ಹಟ್ ಎಂಬ ವಿದೇಶಿ ಊರಿನ ವೃದ್ಧಾಶ್ರಮದಲ್ಲಿರುವ ಲೊರೇನ್ ಆಂಟಿ ಒಂದು ಕಾಲದ ಹಾಲಿವುಡ್ ನಾಯಕಿ. ಪಾರ್ಶ್ವವಾಯು ಬಡಿದು ಮಾತು ನಿಂತ ಮೇಲೆ ಅದನ್ನು ಯಾರೂ ನಂಬುತ್ತಿರಲಿಲ್ಲ. “ಇವಳು ಹೀರೋಯಿನ್ ಆದ್ರೆ ನಾನು ಮಹಾರಾಜ!” ಎಂದು ಪಕ್ಕದ ಕೋಣೆಯ ಟೆಡ್ ಛೇಡಿಸುತ್ತಿದ್ದ.

ತೊಂಬತ್ತೈದನೇ ಹುಟ್ಟುಹಬ್ಬಕ್ಕೆ ಅವರ ಹಳೆಯ ಸಿನಿಮಾ ಹಾಕಿದರೆ ಚಿತ್ರ ಬಂತು, ಶಬ್ದ ಬರಲಿಲ್ಲ. ಆಂಟಿಯ ಮುಖ ಬಾಡಿತು. ಅವರನ್ನು ನೋಡಿಕೊಳ್ಳುವ ದಾವಣಗೆರೆಯ ಉಮೈರಾ, ಮಾತಿದ್ದಾಗ ಅವರೇ ಕಲಿಸಿದ್ದ ಸಂಭಾಷಣೆಯನ್ನು ಅದೇ ಬಿಂಕದ ದನಿಯಲ್ಲಿ ಶುರು ಮಾಡಿದಳು. ಮೋಸಗಾರ ಪ್ರಿಯಕರನನ್ನು ಹೊರಗಟ್ಟುವ ದೃಶ್ಯದಲ್ಲಿ ಆವೇಶ ಬಂದು ಇಂಗ್ಲಿಷ್ ಮರೆತಳು. “ಲೇ, ಬಾಗ್ಲು ಅಲ್ಲೈತಿ, ನಡಿ!”

ಪರದೆಯ ನಾಯಕಿ ಹುಬ್ಬೇರಿಸಿ ಬಾಗಿಲತ್ತ ಬೆರಳು ಚಾಚಿದಳು. ಗಾಲಿಕುರ್ಚಿಯಲ್ಲಿದ್ದ ಆಂಟಿಯೂ ಹಾಗೇ ಹುಬ್ಬೇರಿಸಿ ಟೆಡ್‌ಗೆ ಬಾಗಿಲು ತೋರಿಸಿದರು.

“ಅಯ್ಯೋ, ಅವಳೇ ಇವಳು!” ಎಂದ ಟೆಡ್, ವಿಧೇಯನಾಗಿ ಎದ್ದು ಬಾಗಿಲಿನವರೆಗೂ ಹೋಗಿ ಬಂದ.