ಇಪ್ಪತ್ತೈದು ಗೀಟು

ನಾದಿನಿ ವಿಡಿಯೊ ಗೇಮಿಗೆ ಒಂದು ರಾಗ ಹಾಕಿದಳೆಂದರೆ ಆಟದೊಳಗೆ ಸತ್ತುಬಿದ್ದ ಸೈನಿಕರೆಲ್ಲ ಎದ್ದು ಕೂತು ತಾಳ ಹಾಕುತ್ತಾರೆ, ಎದುರುಮನೆಯ ಕಿವುಡು ಬೆಕ್ಕು ತಲೆದೂಗುತ್ತದೆ. ಭಾವ ಇದನ್ನು ಕಣ್ಣಾರೆ ಕಂಡಿದ್ದಾನೆ. ನಂಬದವರು ಬೆಕ್ಕನ್ನೇ ಕೇಳಿಕೊಳ್ಳಲಿ.

ಒಂಬತ್ತು ವರ್ಷ ಅವಳು ಗೇಮ್ ತಯಾರಿಸುವ ಕಂಪನಿಯಲ್ಲಿ ಆಟಕ್ಕೆ ಬೇಕಾದ ಸದ್ದುಗಳನ್ನಷ್ಟೇ ಮಾಡುತ್ತ ಬಾಗಿಲು ಕಿರುಗುಟ್ಟಿಸಿದ್ದಳು, ಕತ್ತಿ ಖಣಖಣಿಸಿದ್ದಳು, ರಾಕ್ಷಸನ ಹೆಜ್ಜೆಸಪ್ಪಳಕ್ಕೆಂದು ಅಕ್ಕನ ದೊಡ್ಡ ಪಾತ್ರೆ ಬಡಿದು ತಳ ಬಗ್ಗಿಸಿದ್ದಳು. ಅಕ್ಕ, ಅಂದರೆ ಭಾವನ ಹೆಂಡತಿ, ಇಂದಿಗೂ ಬೈಯುತ್ತಾಳೆ. ಈಗ ಮೊದಲ ಸಲ ಇಡೀ ಒಂದು ಆಟದ ಸಂಗೀತ ಅವಳದಾಗುವ ಯೋಗ ಬಂದಿತ್ತು. ಉಳಿದದ್ದು ಒಂದೇ ರಾಗ: ನಾಯಕ ದಣಿವಾರಿಸಿಕೊಳ್ಳುವ ಕೋಣೆಯದು. ಎಪ್ಪತ್ತು ಸೆಕೆಂಡಿನ ತುಣುಕು. ಆಡುವವನು ಅಲ್ಲಿ ಗಂಟೆಗಟ್ಟಲೆ ಕೂತರೂ ಅದು ಗಾಣದೆತ್ತಿನಂತೆ ಸುತ್ತುತ್ತಲೇ ಇರಬೇಕು. ಕೊನೆಯೂ ಮೊದಲೂ ಕೂಡುವ ಜಾಗಕ್ಕೆ ಕಂಪನಿಯಲ್ಲಿ ‘ಹೊಲಿಗೆ’ ಎನ್ನುತ್ತಿದ್ದರು. ಹೊಲಿಗೆ ಕಿವಿಗೆ ತಾಗಿತೋ, ಕೆಟ್ಟಿತು. ಕೊನೆಯ ಸ್ವರದ ಬಾಲವನ್ನು ಮೊದಲ ಸ್ವರದ ಬಾಯಿಗೆ ಕೊಡಲು ಅವಳು ನಾಲ್ಕು ವಾರ ಕೂತಿದ್ದಳು. ಭಾವನ ಲೆಕ್ಕದಲ್ಲಿ ನಾಲ್ಕು ಯುಗ.

“ಸಂಗೀತದ ಗಂಧಗಾಳಿ ಇಲ್ಲದ ಒಂದು ಕಿವಿ ಬೇಕು,” ಎಂದಳು ಕಂಪನಿಯ ಮುಖ್ಯಸ್ಥೆ. “ಹೊಲಿಗೆ ಗೊತ್ತಾದ್ರೆ ಬೇರೆಯವರ ರಾಗ ಹಾಕ್ತೀನಿ.”

“ನಮ್ಮ ಭಾವ ಇದ್ದಾರಲ್ಲ,” ಎಂದಳು ನಾದಿನಿ. ಅವಳನ್ನು ಸ್ಕೂಟರಿನಲ್ಲಿ ಬಿಡಲು ಬಂದ ಭಾವ, ಬೆಟ್ಟ ಹೊತ್ತು ತಂದವನಂತೆ ಅಲ್ಲೇ ನಿಂತಿದ್ದ. “ಬಾಯಿ ಊರಗಲ. ಕಿವಿ ಮಾತ್ರ ಹೊಸದರ ಹಾಗೇ ಇದೆ, ಬಳಸೇ ಇಲ್ಲ.”

“ನನ್ನ ಕಿವಿನಾ? ಇರುವೆ ಆಕಳಿಸಿದ್ರೂ ಕೇಳ್ಸತ್ತೆ ಕಣಮ್ಮ!”

ಮುಖ್ಯಸ್ಥೆ ಅವನನ್ನು ಗೋಡೆಗೆಲ್ಲ ಮೆತ್ತೆ ಹೊದಿಸಿದ ಕೋಣೆಯಲ್ಲಿ ಕೂರಿಸಿ, ಹಾಳೆ ಪೆನ್ಸಿಲ್ ಕೊಟ್ಟಳು. “ಹೊಲಿಗೆ ಕೇಳಿಸಿದಾಗೆಲ್ಲ ಒಂದು ಗೀಟು ಎಳೀರಿ.”

ರಾಗ ನಿಂತಾಗ ಹಾಳೆ ಖಾಲಿ. ಭಾವ ಅದನ್ನು ತಿರುಗಿಸಿ ನೋಡಿದ. ಇರುವೆಯ ಆಕಳಿಕೆ ಕೇಳುವವನ ಹಾಳೆ ಖಾಲಿಯೇ? ಬಾಗಿಲು ತೆರೆಯುವಷ್ಟರಲ್ಲಿ ಗರಗರನೆ ಗೀಟೆಳೆದ.

“ಇಪ್ಪತ್ತೈದು ಸಲ! ಒಂದನ್ನೂ ಬಿಟ್ಟಿಲ್ಲ,” ಎಂದು ಎದೆಯುಬ್ಬಿಸಿದ.

ನಾದಿನಿ ಹೆಡ್‌ಫೋನಿನ ವೈರನ್ನು ಬೆರಳಿಗೆ ಸುತ್ತಿದಳು, ಬಿಚ್ಚಿದಳು, ಮತ್ತೆ ಸುತ್ತಿದಳು. ಆಗ ಭಾವನಿಗೆ ಹೊಳೆಯಿತು, ತಾನು ಗೀಟೆಳೆದದ್ದು ಅವಳ ಒಂಬತ್ತು ವರ್ಷದ ಮೇಲೆ ಎಂದು.

ಮುಖ್ಯಸ್ಥೆ ಹಾಳೆ ನೋಡಿದಳು, ಅವನ ಮುಖ ನೋಡಿದಳು. “ರಾಗ ಸುತ್ತಿದ್ದೇ ಹನ್ನೊಂದು ಸಲ. ಹೊಲಿಗೆ ಬಂದಿದ್ದೇ ಹತ್ತು. ಮಿಕ್ಕ ಹದಿನೈದು ಎಲ್ಲಿಂದ ತಂದ್ರಿ ಸ್ವಾಮಿ?”

ಭಾವ ತಲೆ ಕೆರೆದುಕೊಂಡ.

“ಎಲ್ಲಾ ಗೀಟೂ ಸುಳ್ಳು ಮೇಡಂ. ಒಂದೂ ಕೇಳಿಸ್ಲಿಲ್ಲ. ಮೊದಲನೇ ಸುತ್ತು ಮುಗಿದ ಮೇಲೆ ತಾನೆ ಹೊಲಿಗೆ ಬರೋದು? ಅದು ಮುಗೀಲಿ, ಗೀಟು ಹಾಕೋಣ ಅಂತ ಪೆನ್ಸಿಲ್ ಹಿಡ್ಕೊಂಡು ಕಾಯ್ತಾ ಕೂತಿದ್ದೆ. ಅದು ಮುಗೀಲೇ ಇಲ್ಲ.”